ಬಂದೂಕು ಹಿಡಿದರೆ ಬಿಡುಗಡೆ: ರೋಡ್ ಐಲೆಂಡ್ ರೆಜಿಮೆಂಟಿನ ಕಥೆ

1778ರ ಫೆಬ್ರವರಿ 14ರಂದು ಅಮೆರಿಕದ ಅತಿ ಚಿಕ್ಕ ರಾಜ್ಯವಾದ ರೋಡ್ ಐಲೆಂಡಿನ ಶಾಸನಸಭೆಯು ಒಂದು ಅಸಾಧಾರಣ ನಿರ್ಣಯವನ್ನು ಅಂಗೀಕರಿಸಿತು. ದೃಢಕಾಯನಾದ ಯಾವುದೇ ಗುಲಾಮ, ಕಪ್ಪು ವರ್ಣೀಯನಿರಲಿ, ಮಿಶ್ರವರ್ಣೀಯನಿರಲಿ, ಮೂಲನಿವಾಸಿ ಇಂಡಿಯನ್ನನೇ ಇರಲಿ, ಸೇನೆಗೆ ಸೇರಬಹುದು. ತಪಾಸಣೆಯಲ್ಲಿ ತೇರ್ಗಡೆಯಾದ ಗಳಿಗೆಯಿಂದಲೇ ಅವನು ಒಡೆಯನ ಹಂಗಿನಿಂದ ಮುಕ್ತನಾಗಿ ಸಂಪೂರ್ಣ ಸ್ವತಂತ್ರನಾಗುತ್ತಾನೆ ಎಂಬುದೇ ಆ ನಿರ್ಣಯದ ಸಾರ. ಬ್ರಿಟಿಷ್ ದೊರೆತನದ ವಿರುದ್ಧ ಸ್ವಾತಂತ್ರ್ಯದ ಘೋಷಣೆ ಹೊರಡಿಸಿ ಎರಡು ವರ್ಷವೂ ತುಂಬಿರದ ನಾಡಿನಲ್ಲಿ, ಆ ಸ್ವಾತಂತ್ರ್ಯಕ್ಕಾಗಿ ಕಾದಾಡಲು ಆಳುಗಳು ಸಾಲದೆ ಗುಲಾಮರ ಮೊರೆ ಹೋಗಬೇಕಾಗಿ ಬಂದಿತ್ತು.

ಆಳುಗಳು ಏಕೆ ಸಾಲದಾದರು ಎಂಬುದನ್ನು ತಿಳಿಯಲು ಆ ಕಾಲದ ಸೇನೆಯ ಕಟ್ಟಡವನ್ನು ಸ್ವಲ್ಪ ನೋಡಬೇಕು. 1775ರ ಜೂನ್‌ನಲ್ಲಿ ಸ್ಥಾಪನೆಯಾದ ಕಾಂಟಿನೆಂಟಲ್ ಸೇನೆ ಹೆಸರಿಗೆ ಒಂದೇ ಸೇನೆ. ವಾಸ್ತವದಲ್ಲಿ ಅದು ಬೇರೆ ಬೇರೆ ರಾಜ್ಯಗಳು ಕಟ್ಟಿ ಕಳುಹಿಸಿದ ರೆಜಿಮೆಂಟುಗಳ ಕೂಟ. ಆರಂಭದಲ್ಲಿ ಸೈನಿಕರು ಒಂದು ವರ್ಷದ ಕರಾರಿಗೆ ಸೇರುತ್ತಿದ್ದರು. ಅವಧಿ ಮುಗಿಯುತ್ತಲೇ ಹೊಲ ಮನೆಗಳಿಗೆ ಹಿಂತಿರುಗುತ್ತಿದ್ದರು. ಜಾರ್ಜ್ ವಾಷಿಂಗ್ಟನ್ನನ ಪಾಲಿಗೆ ಇದು ಶತ್ರುವಿಗಿಂತ ದೊಡ್ಡ ತಲೆನೋವಾಗಿತ್ತು. 1776ರ ಸೆಪ್ಟೆಂಬರಿನಲ್ಲಿ ಕಾಂಗ್ರೆಸ್ 88 ಬೆಟಾಲಿಯನ್‌ಗಳನ್ನು ಕಟ್ಟಲು ನಿರ್ಧರಿಸಿ, ಜನಸಂಖ್ಯೆಗೆ ತಕ್ಕಂತೆ ರಾಜ್ಯಗಳಿಗೆ ಹಂಚಿತು. ವರ್ಜೀನಿಯಾಕ್ಕೂ ಮ್ಯಾಸಚೂಸೆಟ್ಸ್‌ಗೂ ತಲಾ 15, ರೋಡ್ ಐಲೆಂಡಿಗೆ ಎರಡು. ಯುದ್ಧ ಮುಗಿಯುವವರೆಗೂ ಇರುತ್ತೇನೆಂದು ಒಪ್ಪಿದವನಿಗೆ 20 ಡಾಲರ್ ಇನಾಮು ಮತ್ತು 100 ಎಕರೆ ಜಮೀನಿನ ಆಶ್ವಾಸನೆ.

ಎರಡೇ ಆದರೂ ಅವುಗಳನ್ನು ತುಂಬುವುದು ರೋಡ್ ಐಲೆಂಡಿಗೆ ಸುಲಭವಾಗಿರಲಿಲ್ಲ. ಇಡೀ ರಾಜ್ಯದ ಜನಸಂಖ್ಯೆ ಸುಮಾರು 60 ಸಾವಿರ. 1776ರ ಡಿಸೆಂಬರಿನಲ್ಲಿ ಬ್ರಿಟಿಷರು ಅಲ್ಲಿನ ಮುಖ್ಯ ಬಂದರಾದ ನ್ಯೂಪೋರ್ಟನ್ನು ವಶಪಡಿಸಿಕೊಂಡು ಕುಳಿತಿದ್ದರು. ವ್ಯಾಪಾರ ನಿಂತಿತ್ತು, ಉಳಿದ ಯುವಕರಿಗೆ ತಮ್ಮದೇ ಕರಾವಳಿಯ ಕಾವಲು ಕಾಯುವ ಕೆಲಸ. ಆ ನಿಂತುಹೋದ ವ್ಯಾಪಾರದಲ್ಲಿ ಗುಲಾಮರ ಸಾಗಣೆಯೂ ಸೇರಿತ್ತೆಂಬುದನ್ನು ಇಲ್ಲಿ ಮರೆಯುವಂತಿಲ್ಲ. ಉತ್ತರ ಅಮೆರಿಕದಿಂದ ಆಫ್ರಿಕಕ್ಕೆ ಗುಲಾಮರನ್ನು ತರಲು ಹೊರಟ ಹಡಗುಗಳಲ್ಲಿ ಅರ್ಧಕ್ಕೂ ಹೆಚ್ಚು ಈ ಪುಟ್ಟ ರಾಜ್ಯದ ಬಂದರುಗಳಿಂದಲೇ ಹೊರಟವು.

1777-78ರ ಚಳಿಗಾಲದಲ್ಲಿ ವಾಷಿಂಗ್ಟನ್ನನ ಸೇನೆ ಪೆನ್ಸಿಲ್ವೇನಿಯಾದ ವ್ಯಾಲಿ ಫೋರ್ಜ್‌ನಲ್ಲಿ ಬೀಡುಬಿಟ್ಟಿತ್ತು. ಬೀಡಿಗೆ ಬಂದ ಸುಮಾರು 12 ಸಾವಿರ ಮಂದಿಯಲ್ಲಿ ಎರಡು ಸಾವಿರದಷ್ಟು ಜನ ಯುದ್ಧವಿಲ್ಲದೆಯೇ ರೋಗರುಜಿನಗಳಿಂದ ಸತ್ತರು. ರೋಡ್ ಐಲೆಂಡಿನ ಎರಡೂ ರೆಜಿಮೆಂಟುಗಳು ಸೊರಗಿದ್ದವು. ಆಗ ಬ್ರಿಗೇಡಿಯರ್ ಜನರಲ್ ಜೇಮ್ಸ್ ವಾರ್ನಮ್ 1778ರ ಜನವರಿ 2ರಂದು ವಾಷಿಂಗ್ಟನ್ನನಿಗೆ ಪತ್ರ ಬರೆದು ಒಂದು ಉಪಾಯ ಸೂಚಿಸಿದ: ಎರಡರಲ್ಲಿ ಉಳಿದ ಸೈನಿಕರನ್ನು ಒಂದೇ ರೆಜಿಮೆಂಟಾಗಿ ಕೂಡಿಸುವುದು, ಕೆಲಸವಿಲ್ಲದಾದ ಅಧಿಕಾರಿಗಳನ್ನು ಊರಿಗೆ ಕಳುಹಿಸಿ ಕಪ್ಪು ವರ್ಣೀಯರ ಹೊಸ ದಳವನ್ನು ಕಟ್ಟುವುದು.

ವಾಷಿಂಗ್ಟನ್ ಸ್ವತಃ ನೂರಾರು ಗುಲಾಮರ ಒಡೆಯ. 1775ರಲ್ಲಿ ಅವನ ಯುದ್ಧಸಮಿತಿ ಕಪ್ಪು ವರ್ಣೀಯರನ್ನು ಸೇನೆಗೆ ಸೇರಿಸಿಕೊಳ್ಳಬಾರದೆಂದೇ ತೀರ್ಮಾನಿಸಿತ್ತು. ಆದರೆ ಆ ವರ್ಷದ ನವೆಂಬರಿನಲ್ಲಿ ವರ್ಜೀನಿಯಾದ ಬ್ರಿಟಿಷ್ ಗವರ್ನರ್ ಲಾರ್ಡ್ ಡನ್ಮೋರ್, ಬಂಡುಕೋರರ ಗುಲಾಮರು ತನ್ನ ಪಕ್ಷ ಸೇರಿದರೆ ಅವರಿಗೆ ಬಿಡುಗಡೆ ಎಂದು ಸಾರಿದ. ನೂರಾರು ಮಂದಿ ತಪ್ಪಿಸಿಕೊಂಡು ಅವನ ‘ಇಥಿಯೋಪಿಯನ್ ರೆಜಿಮೆಂಟ್’ ಸೇರಿದರು. ಇದಾದ ಮೇಲೆ, ಈಗಾಗಲೇ ಸೇವೆ ಸಲ್ಲಿಸಿದ್ದ ಸ್ವತಂತ್ರ ಕಪ್ಪು ವರ್ಣೀಯರು ಮತ್ತೆ ಸೇರಬಹುದೆಂದು ವಾಷಿಂಗ್ಟನ್ ನಿಲುವು ಸಡಿಲಿಸಿದ. ವಾರ್ನಮ್‌ನ ಪತ್ರವನ್ನು ಅವನು ಹೊಗಳಲೂ ಇಲ್ಲ, ತೆಗಳಲೂ ಇಲ್ಲ. ಗವರ್ನರ್ ನಿಕೋಲಸ್ ಕುಕ್‌ಗೆ ರವಾನಿಸಿ ಸುಮ್ಮನಾದ. ಆ ಸುಮ್ಮನಿರುವಿಕೆಯೇ ಸಮ್ಮತಿಯಾಯಿತು.

ಒಡೆಯರಿಗೆ ಪರಿಹಾರ, ಸಭೆಯಲ್ಲಿ ವಿರೋಧ

ಶಾಸನಸಭೆಯ ನಿರ್ಣಯದಲ್ಲಿ ಮಾನವೀಯತೆಗಿಂತ ಲೆಕ್ಕಾಚಾರವೇ ಹೆಚ್ಚು. ಸೇನೆ ಸೇರುವ ಪ್ರತಿ ಗುಲಾಮನಿಗೂ ಒಂದು ಸಮಿತಿ ಬೆಲೆ ಕಟ್ಟಬೇಕು. ಗರಿಷ್ಠ 120 ಪೌಂಡ್‌ವರೆಗೆ ಒಡೆಯನಿಗೆ ಸರ್ಕಾರ ಕೊಡಬೇಕು. ಮುಂದೆ ಆ ಸೈನಿಕ ಕಾಯಿಲೆ ಬಿದ್ದು ದುಡಿಯಲಾರದೆ ಹೋದರೆ ಪೋಷಣೆಯ ಹೊಣೆ ಒಡೆಯನದಲ್ಲ. ಸೈನಿಕನಿಗೆ ಇತರರಿಗಿರುವಷ್ಟೇ ಸಂಬಳ, ಇನಾಮು.

ಆರು ಸದಸ್ಯರು ಲಿಖಿತವಾಗಿ ಪ್ರತಿಭಟಿಸಿದರು. ಸೇರಬಯಸುವ ಗುಲಾಮರು ಅಷ್ಟು ಮಂದಿ ಇಲ್ಲ, ಖರ್ಚು ವಿಪರೀತ, ಒಡೆಯರಿಗೆ ಅತೃಪ್ತಿ ಎಂಬುದು ಅವರ ವಾದ. ಇನ್ನೊಂದು ವಾದ ಇವೆಲ್ಲಕ್ಕಿಂತ ಕುತೂಹಲಕರ: ನಾಡಿನ ಸ್ವಾತಂತ್ರ್ಯ ರಕ್ಷಣೆಗೆ ಗುಲಾಮರ ಪಡೆಯೊಂದನ್ನು ಹಣ ಕೊಟ್ಟು ಕೊಂಡರೆಂದು ಲೋಕ ಆಡಿಕೊಂಡೀತು, ಅದು ತಾವು ಹೋರಾಡುತ್ತಿರುವ ಸ್ವಾತಂತ್ರ್ಯದ ತತ್ತ್ವಕ್ಕೇ ವಿರುದ್ಧ. ಗುಲಾಮಗಿರಿಯಿಂದ ಆಗದ ಅವಮಾನ ಗುಲಾಮನ ಬಿಡುಗಡೆಯಿಂದ ಆಗುತ್ತದೆಂಬ ಈ ತರ್ಕವನ್ನು ಮಂಡಿಸಿದವರಿಗೆ ಅದರಲ್ಲಿ ವಿರೋಧಾಭಾಸ ಕಂಡಂತಿಲ್ಲ.

ಅವರ ವಿರೋಧ ವ್ಯರ್ಥವಾಗಲಿಲ್ಲ. ಅದೇ ಮೇ ತಿಂಗಳಿನಲ್ಲಿ ಸಭೆ ಹಿಂದೆ ಸರಿದು, ಜೂನ್ 10ರ ನಂತರ ಗುಲಾಮರ ಭರ್ತಿ ಇಲ್ಲವೆಂದಿತು. ಬಾಗಿಲು ತೆರೆದಿದ್ದುದು ನಾಲ್ಕೇ ತಿಂಗಳು. ಆ ಅವಧಿಯಲ್ಲಿ ಸುಮಾರು ನೂರು ಮಂದಿ ಗುಲಾಮರು ಸೇನೆ ಸೇರಿ ಬಿಡುಗಡೆ ಪಡೆದರು. ಮೊದಲೇ ಸ್ವತಂತ್ರರಾಗಿದ್ದವರೂ ಸೇರಿ ಮೊದಲನೆಯ ರೋಡ್ ಐಲೆಂಡ್ ರೆಜಿಮೆಂಟ್ ರೂಪುಗೊಂಡಿತು. ಅಧಿಕಾರಿಗಳೆಲ್ಲರೂ ಬಿಳಿಯರೇ.

ಇದರ ದಂಡನಾಯಕ ಕರ್ನಲ್ ಕ್ರಿಸ್ಟೋಫರ್ ಗ್ರೀನ್. 1777ರ ಅಕ್ಟೋಬರ್ 22ರಂದು ಡೆಲವೇರ್ ನದಿಯ ದಂಡೆಯ ಮರ್ಸರ್ ಕೋಟೆಯನ್ನು ಜರ್ಮನಿಯ ಹೆಸ್ಸಿಯನ್ ಬಾಡಿಗೆ ಸೈನಿಕರಿಂದ ಕಾಪಾಡಿ ಹೆಸರು ಮಾಡಿದವನು. ಅಂದು ಸಂಖ್ಯೆಯಲ್ಲಿ ಬಹಳ ದೊಡ್ಡದಾಗಿದ್ದ ದಾಳಿಕೋರ ಪಡೆ ಭಾರೀ ನಷ್ಟ ಅನುಭವಿಸಿ, ತನ್ನ ನಾಯಕ ಕಾರ್ಲ್ ಫಾನ್ ಡೋನೊಪ್‌ನನ್ನೂ ಕಳೆದುಕೊಂಡಿತ್ತು.

ಆಗಸ್ಟ್ 29ರ ಪರೀಕ್ಷೆ

ಹೊಸ ಸೈನಿಕರಿಗೆ ಕೆಲವೇ ತಿಂಗಳ ತರಬೇತಿ ಸಿಕ್ಕಿತ್ತು. 1778ರ ಬೇಸಿಗೆಯಲ್ಲಿ ಜನರಲ್ ಜಾನ್ ಸಲಿವನ್ ಫ್ರೆಂಚ್ ನೌಕಾಪಡೆಯ ನೆರವಿನಿಂದ ನ್ಯೂಪೋರ್ಟನ್ನು ಬಿಡಿಸಿಕೊಳ್ಳಲು ಹೊರಟ. ಆದರೆ ಬಿರುಗಾಳಿಗೆ ಸಿಕ್ಕಿ ಜರ್ಝರಿತವಾದ ಫ್ರೆಂಚ್ ಹಡಗುಗಳು ದುರಸ್ತಿಗೆಂದು ಬಾಸ್ಟನ್ನಿಗೆ ಹೋದವು. ಸಲಿವನ್ ಹಿಂದೆ ಸರಿಯಲೇಬೇಕಾಯಿತು. ಬೆನ್ನಟ್ಟಿ ಬಂದ ಬ್ರಿಟಿಷರು ಮತ್ತು ಹೆಸ್ಸಿಯನ್ನರೊಡನೆ ಆಗಸ್ಟ್ 29ರಂದು ಕಾಳಗ ನಡೆಯಿತು. ಮೇಜರ್ ಸ್ಯಾಮ್ಯುಯೆಲ್ ವಾರ್ಡ್‌ನ ನೇತೃತ್ವದಲ್ಲಿ ಬಲಪಾರ್ಶ್ವದ ಮೋರ್ಚಾದಲ್ಲಿ ನಿಂತ ಈ ರೆಜಿಮೆಂಟಿನ ಮೇಲೆ ಹೆಸ್ಸಿಯನ್ನರು ಮೂರು ಸಲ ಏರಿಬಂದರು. ಮೂರು ಸಲವೂ ಹಿಮ್ಮೆಟ್ಟಿದರು. ಅಮೆರಿಕನ್ ಸೇನೆ ಚದುರದೆ, ಸಾಮಾನು ಸರಂಜಾಮಿನೊಂದಿಗೆ ದ್ವೀಪದಿಂದ ಪಾರಾಯಿತು. ದಿನದ ಗೌರವದಲ್ಲಿ ಈ ರೆಜಿಮೆಂಟಿಗೂ ಸಲ್ಲಬೇಕಾದ ಪಾಲು ಇದೆಯೆಂದು ಸಲಿವನ್ ಮಾನ್ಯ ಮಾಡಿದ.

ಇದನ್ನು ಕಂಡೂ ದಕ್ಷಿಣದ ರಾಜ್ಯಗಳು ಬದಲಾಗಲಿಲ್ಲ. ಮೂರು ಸಾವಿರ ಗುಲಾಮರ ಪಡೆ ಕಟ್ಟಬಹುದೆಂದು 1779ರ ಮಾರ್ಚ್‌ನಲ್ಲಿ ಕಾಂಗ್ರೆಸ್ಸೇ ದಕ್ಷಿಣ ಕೆರೊಲೈನಾ ಮತ್ತು ಜಾರ್ಜಿಯಾಗಳಿಗೆ ಶಿಫಾರಸು ಮಾಡಿತು. ಸ್ವತಃ ಗುಲಾಮರ ವ್ಯಾಪಾರಿಯಾಗಿದ್ದವನ ಮಗ ಜಾನ್ ಲಾರೆನ್ಸ್ ಅದಕ್ಕಾಗಿ ಪಟ್ಟು ಹಿಡಿದು ಓಡಾಡಿದ. ದಕ್ಷಿಣ ಕೆರೊಲೈನಾದ ಸಭೆ ಅದನ್ನು ತಿರಸ್ಕರಿಸಿತು.

1781ರ ಆರಂಭದಲ್ಲಿ ರೋಡ್ ಐಲೆಂಡಿನ ಎರಡೂ ರೆಜಿಮೆಂಟುಗಳನ್ನು ಒಂದುಗೂಡಿಸಲಾಯಿತು. ಮೇ 14ರಂದು ನ್ಯೂಯಾರ್ಕಿನ ಕ್ರೋಟನ್ ನದಿಯ ಬಳಿ ಬ್ರಿಟಿಷ್ ಪಕ್ಷಪಾತಿಗಳು ನಡೆಸಿದ ಹಠಾತ್ ದಾಳಿಯಲ್ಲಿ ಕರ್ನಲ್ ಗ್ರೀನ್ ಹತನಾದ. ಅವನೊಂದಿಗೆ ಹಲವು ಕಪ್ಪು ಸೈನಿಕರೂ ಬಿದ್ದರು. ಆ ಬೇಸಿಗೆಯಲ್ಲಿ ಫ್ರೆಂಚ್ ಸೇನೆಯ ಅಧಿಕಾರಿ ಲುಡ್ವಿಗ್ ಫಾನ್ ಕ್ಲೋಸನ್ ಈ ರೆಜಿಮೆಂಟನ್ನು ಕಂಡು, ಇಡೀ ಅಮೆರಿಕನ್ ಸೇನೆಯಲ್ಲಿ ಅತ್ಯಂತ ಅಚ್ಚುಕಟ್ಟಾದ ಉಡುಪು ಮತ್ತು ಶಿಸ್ತು ಇದರದೆಂದು ದಿನಚರಿಯಲ್ಲಿ ದಾಖಲಿಸಿದ. ಅದರಲ್ಲಿ ಮುಕ್ಕಾಲು ಪಾಲು ಕಪ್ಪು ವರ್ಣೀಯರೆಂದು ಅವನು ಬರೆದದ್ದು ಮಾತ್ರ ಉತ್ಪ್ರೇಕ್ಷೆ. ಹಾಜರಿಪಟ್ಟಿಗಳು ಅದನ್ನು ಸಮರ್ಥಿಸುವುದಿಲ್ಲ. ಯಾರ್ಕ್‌ಟೌನ್ ಮುತ್ತಿಗೆಯ ಕಾಲದಲ್ಲಿ ಇನ್ನೊಬ್ಬ ಫ್ರೆಂಚ್ ಸೇನಾಧಿಕಾರಿ ಬಿಡಿಸಿದ ಜಲವರ್ಣ ಚಿತ್ರದಲ್ಲಿ ಇದರ ಕಪ್ಪು ಸೈನಿಕನೊಬ್ಬ ಬಿಳಿಯ ಸಮವಸ್ತ್ರದಲ್ಲಿ ಬಂದೂಕು ಹಿಡಿದು ನಿಂತಿದ್ದಾನೆ.

1781ರ ಅಕ್ಟೋಬರ್ 14ರ ರಾತ್ರಿ ಯಾರ್ಕ್‌ಟೌನಿನ ಹತ್ತನೆಯ ಮೋರ್ಚಾವನ್ನು ಅಲೆಕ್ಸಾಂಡರ್ ಹ್ಯಾಮಿಲ್ಟನ್‌ನ ಪಡೆ ವಶಪಡಿಸಿಕೊಂಡಾಗ ಮುಂಚೂಣಿಯಲ್ಲಿ ರೋಡ್ ಐಲೆಂಡಿನವರಿದ್ದರು. 19ರಂದು ಲಾರ್ಡ್ ಕಾರ್ನ್‌ವಾಲಿಸ್‌ನ ಸೇನೆ ಶರಣಾಯಿತು. ಕನ್ನಡಿಗರಿಗೆ ಈ ಹೆಸರು ಅಪರಿಚಿತವಲ್ಲ. ಹತ್ತು ವರ್ಷಗಳ ಬಳಿಕ, 1791ರ ಮಾರ್ಚ್‌ನಲ್ಲಿ ಬೆಂಗಳೂರು ಕೋಟೆಯನ್ನು ಹಿಡಿದು, 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನಿಂದ ಅರ್ಧ ರಾಜ್ಯ ಕಿತ್ತುಕೊಂಡವನು ಇವನೇ. ಇವನ ಶರಣಾಗತಿಯ ಮರುವರ್ಷ ಪೆನ್ಸಿಲ್ವೇನಿಯಾದ ‘ಹೈದರ್ ಅಲಿ’ ಎಂಬ ಯುದ್ಧನೌಕೆ ಬ್ರಿಟಿಷ್ ಹಡಗೊಂದನ್ನು ಸೆರೆಹಿಡಿಯಿತು. ಮೈಸೂರಿನ ನವಾಬನ ಹೆಸರು ಅಲ್ಲಿಯವರೆಗೆ ತಲುಪಿತ್ತು. ಸ್ವಾತಂತ್ರ್ಯದ ಆಸೆಯಿಂದ ಕಾರ್ನ್‌ವಾಲಿಸ್‌ನ ಬೀಡಿಗೆ ಓಡಿಬಂದಿದ್ದ ಕಪ್ಪು ವರ್ಣೀಯರ ಪಾಡು ಮಾತ್ರ ದಾರುಣ. ಮುತ್ತಿಗೆಯಲ್ಲಿ ಆಹಾರ ಸಾಲದಾದಾಗ ಸಿಡುಬು ಹತ್ತಿದ ಅವರನ್ನು ಅವನು ಬೀಡಿನಿಂದ ಹೊರದಬ್ಬಿದ್ದ.

ಯುದ್ಧ ಮುಗಿದ ಮೇಲೂ ರೆಜಿಮೆಂಟಿಗೆ ಬಿಡುವಿರಲಿಲ್ಲ. 1783ರ ಫೆಬ್ರವರಿಯಲ್ಲಿ ಒಂಟಾರಿಯೊ ಸರೋವರದ ದಂಡೆಯ ಆಸ್ವೀಗೊ ಕೋಟೆಯ ಮೇಲೆ ಹಿಮದಲ್ಲಿ ದಾಳಿ ಹೊರಟು, ದಾರಿ ತಪ್ಪಿ, ಅನೇಕರು ಹಿಮಹುಣ್ಣಿಗೆ ತುತ್ತಾಗಿ ಬರಿಗೈಯಲ್ಲಿ ಮರಳಿದರು. ಆ ಜೂನ್‌ನಲ್ಲಿ ಹೆಚ್ಚಿನವರನ್ನು ನ್ಯೂಯಾರ್ಕಿನ ಸರಟೋಗಾದಲ್ಲಿ ವಿಸರ್ಜಿಸಲಾಯಿತು. ಕೈಗೆ ಸಂಬಳ ಬಂದಿರಲಿಲ್ಲ. ದಂಡನಾಯಕ ಜೆರಿಮಯ ಓಲ್ನಿ ಬಾಕಿ ವೇತನಕ್ಕಾಗಿ ವರ್ಷಗಟ್ಟಲೆ ತನ್ನ ಹಳೆಯ ಸೈನಿಕರ ಪರವಾಗಿ ಪತ್ರ ಬರೆಯುತ್ತಲೇ ಇದ್ದ.

ಅವರು ಪಡೆದ ಬಿಡುಗಡೆ ಅವರಿಗಷ್ಟೇ ಸೀಮಿತ. ಹೆಂಡತಿ ಮಕ್ಕಳು ಗುಲಾಮರಾಗಿದ್ದರೆ ಅವರು ಗುಲಾಮರೇ. ರೋಡ್ ಐಲೆಂಡಿನ 1784ರ ಕಾಯಿದೆ ಆ ವರ್ಷದ ಮಾರ್ಚ್ 1ರ ನಂತರ ಹುಟ್ಟುವ ಮಕ್ಕಳಿಗೆ ಮಾತ್ರ ಸ್ವಾತಂತ್ರ್ಯ ನೀಡಿತು. 1792ರ ಕೇಂದ್ರ ಮಿಲಿಷಿಯಾ ಕಾಯಿದೆ ಸ್ವತಂತ್ರ ಬಿಳಿಯ ಪುರುಷರನ್ನಷ್ಟೇ ಹೆಸರಿಸಿತು. 1818ರಲ್ಲಿ ಬಡ ಸೈನಿಕರಿಗೆ ಪಿಂಚಣಿ ಬಂದಾಗ, ಮುಪ್ಪಾದವರು ನ್ಯಾಯಾಲಯಕ್ಕೆ ಬಂದು ತಮ್ಮ ಸೇವೆಯನ್ನೂ ಬಡತನವನ್ನೂ ಪ್ರಮಾಣ ಮಾಡಿ ಸಾಬೀತುಪಡಿಸಬೇಕಿತ್ತು. ನಾಲ್ಕೇ ವರ್ಷಗಳಲ್ಲಿ, 1822ರಲ್ಲಿ, ರೋಡ್ ಐಲೆಂಡ್ ಶಾಸನಸಭೆ ಕಪ್ಪು ವರ್ಣೀಯರ ಮತದಾನದ ಹಕ್ಕನ್ನೇ ಕಿತ್ತುಕೊಂಡಿತು. ಅದು ಮರಳಿ ದೊರೆತದ್ದು 1842ರ ಸಂವಿಧಾನದಿಂದ. 1778ರಲ್ಲಿ ಇಪ್ಪತ್ತರ ಹರೆಯದಲ್ಲಿ ರೆಜಿಮೆಂಟ್ ಸೇರಿದ್ದವನು ಬದುಕಿದ್ದರೆ ಆಗ ಅವನಿಗೆ ಎಂಬತ್ತನಾಲ್ಕು ವರ್ಷ.