ಕೆರೆಯ ಮೀನು, ಹುಣಸೆಯ ಚಿಗುರು

ಚಿತ್ರದುರ್ಗ ಜಿಲ್ಲೆಯಲ್ಲಿ, ಆಂಧ್ರಪ್ರದೇಶದ ಗಡಿಗೆ ತಾಗಿಕೊಂಡಿರುವ ಮೊಳಕಾಲ್ಮೂರು ರೇಷ್ಮೆ ಸೀರೆಗಳಿಗೂ ಅಶೋಕನ ಶಾಸನಗಳಿಗೂ ಹೆಸರಾದ ತಾಲ್ಲೂಕು. ಬಂಡೆಗುಡ್ಡಗಳ ಈ ಸೀಮೆಯಲ್ಲಿ ಮಳೆ ಬಲು ಕಡಿಮೆ. ಇಲ್ಲಿಯೂ ಮೀನಿನ ಅಡುಗೆಯೇ ಎಂದು ಕರಾವಳಿಯವರು ನಕ್ಕಾರು. ಆದರೆ ಮಳೆ ಕೈಗೂಡಿದ ವರ್ಷ ಕೆರೆಗಳೂ ರಂಗಯ್ಯನದುರ್ಗದ ಜಲಾಶಯವೂ ನೀರು ಕಾಣುತ್ತವೆ. ಆ ನೀರಿಗೆ ಮೀನುಮರಿಗಳನ್ನು ಬಿಡುತ್ತಾರೆ.

ಕಾಟ್ಲಾ, ರೋಹು, ಮೃಗಾಲ್ ಹರಿಯುವ ನದಿಯಲ್ಲಿ ಮೊಟ್ಟೆಯಿಡುವ ಜಾತಿಗಳು. ಅವು ಕೆರೆಯ ನಿಂತ ನೀರಿನಲ್ಲಿ ಬೆಳೆಯುತ್ತವೆಯೇ ಹೊರತು ಅಲ್ಲಿ ಮರಿಮಾಡುವುದಿಲ್ಲ. 1957ರಲ್ಲಿ ಒಡಿಶಾದ ಅಂಗುಲ್‌ನಲ್ಲಿ ಹೀರಾಲಾಲ್ ಚೌಧುರಿ ಮತ್ತು ಕೆ. ಎಚ್. ಅಲಿಕುಂಞಿ ಅವರು ಪಿಟ್ಯುಟರಿ ಗ್ರಂಥಿಯ ಸಾರವನ್ನು ಚುಚ್ಚಿ ಇಂತಹ ಮೀನುಗಳಿಂದ ಮೊಟ್ಟೆಯಿಡಿಸಿದ ಮೇಲೆ, ನದಿಯಿಲ್ಲದ ಊರುಗಳಿಗೂ ಮರಿಗಳು ದೊರೆಯುವ ದಾರಿ ತೆರೆಯಿತು.

ಬೇಸಗೆ ಸಮೀಪಿಸಿದಂತೆ ಕೆರೆ ಬತ್ತತೊಡಗುತ್ತದೆ. ನೀರು ತಳ ಸೇರುವ ಮುನ್ನ ಬಲೆ ಬೀಸಲೇಬೇಕು. ತಡವಾದರೆ ಕಾದ ಕೆಸರುನೀರಿನಲ್ಲಿ ಆಮ್ಲಜನಕ ಸಾಲದೆ ಮೀನುಗಳು ಸಾಯುತ್ತವೆ. ತಿಂಗಳುಗಟ್ಟಲೆ ಕಾದವರ ಗಳಿಕೆ ಕೈತಪ್ಪುತ್ತದೆ. ಹೀಗೆ, ಹುಣಸೆಯ ಮರ ಚಿಗುರುವ ವಸಂತದ ಹೊತ್ತಿಗೆ ಮೀನು ಮನೆಗೆ ಬರುತ್ತದೆ.

ಕಾಯ್ದು ಪಡೆದ ಮೀನನ್ನು ಚರ್ಮ ಗರಿಗರಿಯಾಗುವಂತೆ ಹುರಿಯುವುದು ಸುಲಭವೆಂದು ತೋರುತ್ತದೆ. ಕೆಡುವುದೂ ಅಷ್ಟೇ ಸುಲಭ. ನೀರು ಇರುವವರೆಗೆ ಚರ್ಮದ ಉಷ್ಣತೆ 100 ಡಿಗ್ರಿ ಸೆಲ್ಸಿಯಸ್ ದಾಟುವುದಿಲ್ಲ. ಅದು ಬೇಯುತ್ತದೆ, ಗರಿಗರಿಯಾಗುವುದಿಲ್ಲ. ಆದುದರಿಂದ ಹುರುಪೆಗಳನ್ನು ಹೆರೆದು, ಬೆನ್ನುಮೂಳೆಯ ಗುಂಟ ಸೀಳಿದ ಹೋಳುಗಳಿಗೆ ಉಪ್ಪು, ಅರಿಸಿನ ಸವರಿ ಅರ್ಧ ಗಂಟೆ ಇಡಬೇಕು. ಉಪ್ಪು ಹೊರಸೆಳೆದ ನೀರನ್ನು ಬಟ್ಟೆಯಿಂದ ಚೆನ್ನಾಗಿ ಒರಸಬೇಕು. ಬಹುಮಂದಿ ಮರೆಯುವುದು ಇದನ್ನೇ. ಬಳಿಕ ಖಾರದ ಪುಡಿ ಬೆರೆಸಿದ ಅಕ್ಕಿಹಿಟ್ಟನ್ನು ತೆಳ್ಳಗೆ ಉದುರಿಸಿದರೆ ಸಾಕು.

ಎಣ್ಣೆಗಾಗಿ ದೂರ ಹೋಗಬೇಕಿಲ್ಲ. ನೆರೆಯ ಚಳ್ಳಕೆರೆ ತನ್ನ ಶೇಂಗಾ ಎಣ್ಣೆಯ ಗಿರಣಿಗಳಿಂದ ‘ಎಣ್ಣೆ ನಗರ’ವೆಂದೇ ಖ್ಯಾತವಾದ ಊರು. ಕಬ್ಬಿಣದ ಹೆಂಚಿನ ಮೇಲೆ ಎಣ್ಣೆ ಚೆನ್ನಾಗಿ ಕಾದಾಗ ಹೋಳನ್ನು ಚರ್ಮ ಕೆಳಗಾಗಿ ಇಟ್ಟು, ಕೆಲವು ಕ್ಷಣ ಮೆಲ್ಲನೆ ಒತ್ತಿ ಹಿಡಿಯಬೇಕು. ಚರ್ಮದಲ್ಲಿರುವ ಕೊಲಾಜೆನ್ ಎಂಬ ಪ್ರೋಟೀನು ಬಿಸಿಗೆ ಕುಗ್ಗುವುದರಿಂದ, ಒತ್ತದಿದ್ದರೆ ಹೋಳು ಮುರುಟುತ್ತದೆ. ಆಮೇಲೆ ಅದನ್ನು ಕದಲಿಸಬಾರದು. ನೀರು ಆವಿಯಾಗಿ ಉಷ್ಣತೆ ಏರಿದ ಮೇಲೆ ಪ್ರೋಟೀನು, ಸಕ್ಕರೆಗಳು ಕೂಡಿ ಕಂದುಬಣ್ಣವನ್ನೂ ಪರಿಮಳವನ್ನೂ ತರುತ್ತವೆ. ಈ ಕ್ರಿಯೆಯನ್ನು 1912ರಲ್ಲಿ ವಿವರಿಸಿದವನು ಫ್ರಾನ್ಸಿನ ಲೂಯಿ ಮೈಯಾರ್. ಚರ್ಮ ಕೆಂಪಗಾದಾಗ ಹೋಳು ತಾನಾಗಿಯೇ ಹೆಂಚನ್ನು ಬಿಡುತ್ತದೆ. ಅಂಟಿಕೊಂಡಿದ್ದರೆ ಇನ್ನೂ ಕಾಲವಾಗಿಲ್ಲವೆಂದು ತಿಳಿಯಬೇಕು. ಮಗುಚಿದ ಮೇಲೆ ಸ್ವಲ್ಪ ಹೊತ್ತು ಸಾಕು. ಮುಚ್ಚಳವನ್ನಂತೂ ಮುಚ್ಚಲೇಬಾರದು.

ಉಳಿದ ಎಣ್ಣೆಯಲ್ಲಿ ಬೆಳ್ಳುಳ್ಳಿ, ಹಸಿಮೆಣಸಿನಕಾಯಿ, ಎಳೆಯ ಈರುಳ್ಳಿಯನ್ನು ಅದರ ಸೊಪ್ಪಿನ ಸಮೇತ ಬಾಡಿಸಿ, ನುಗ್ಗೆಯ ಎಳೆಸೊಪ್ಪನ್ನು ಸೇರಿಸಬೇಕು. ಅಂಗೈಯಲ್ಲಿ ಉಜ್ಜಿದ ಹುಣಸೆಯ ಚಿಗುರನ್ನು ಹಾಕುವುದು ಕಟ್ಟಕಡೆಗೆ. ಹುಳಿಯೊಡನೆ ಹೆಚ್ಚು ಹೊತ್ತು ಬೆಂದರೆ ಸೊಪ್ಪಿನ ಹಸಿರು ಮಾಸುತ್ತದೆ. ತೆಲುಗು ಸೀಮೆಯ ಅಡುಗೆಯಲ್ಲಿ ಈ ಚಿಗುರಿಗೂ ಮೀನಿಗೂ ಹಳೆಯ ನಂಟು. ಪಲ್ಯವನ್ನು ಮೀನಿನ ಮೇಲೆ ಸುರಿಯದೆ ಪಕ್ಕಕ್ಕೆ ಬಡಿಸಬೇಕು. ಇಲ್ಲವಾದರೆ ಚರ್ಮ ಮತ್ತೆ ಮೆತ್ತಗಾಗುತ್ತದೆ. ರೋಹುವಿನಲ್ಲಿ ಸಣ್ಣ ಮುಳ್ಳುಗಳು ಬಹಳ. ಮಕ್ಕಳ ತಟ್ಟೆಗೆ ಬಿಡಿಸಿಯೇ ಹಾಕುವುದು ಲೇಸು.

ಜೊತೆಗೆ ಜೋಳದ ರೊಟ್ಟಿಯೋ ರಾಗಿಯ ಮುದ್ದೆಯೋ ಇರುತ್ತದೆ. ಕೆರೆ ತುಂಬದ ವರ್ಷ ಇದೇ ಚಿಗುರು ತೊಗರಿಬೇಳೆಯೊಡನೆ ಬೇಯುತ್ತದೆ.