ದಂಡಿ ಒಬ್ಬನೇ, ತಮಿಳಿಗೂ ಬಂದ, ಕನ್ನಡಕ್ಕೂ ಬಂದ

ಕೊಯಮತ್ತೂರು, ತಿರುಪ್ಪೂರು ಕಡೆಯ ಕನ್ನಡ ಮನೆಗಳ ಮಕ್ಕಳಿಗೆ ‘ಅಣಿ’ ಎಂದರೆ ಗೊತ್ತು. ತಮಿಳು ಪಾಠದಲ್ಲಿ ಉವಮೈ ಅಣಿ, ಉರುವಗ ಅಣಿ ಓದಿ ಪರೀಕ್ಷೆಯನ್ನೂ ಬರೆದಿರುತ್ತಾರೆ. ಕನ್ನಡದಲ್ಲಿ ಅದನ್ನೇ ಉಪಮೆ, ರೂಪಕ ಎನ್ನುತ್ತಾರೆ ಎಂದು ಅವರಿಗೆ ಹೇಳುವವರು ಕಡಿಮೆ.

ಎರಡನ್ನೂ ಬೆಸೆಯುವ ಹೆಸರು ದಂಡಿ. ಕ್ರಿ.ಶ. 700ರ ಆಸುಪಾಸಿನಲ್ಲಿ ಪಲ್ಲವರ ಕಂಚಿಯಲ್ಲಿದ್ದ ಈತ ಸಂಸ್ಕೃತದಲ್ಲಿ ‘ಕಾವ್ಯಾದರ್ಶ’ ಬರೆದ. ಮಾತು ಯಾವಾಗ ಸೊಗಸುತ್ತದೆ, ಎಲ್ಲಿ ಕೆಡುತ್ತದೆ ಎಂಬುದೇ ಅದರ ವಿಷಯ. ಅದನ್ನು ಆಧರಿಸಿ ತಮಿಳಿನಲ್ಲಿ 12ನೇ ಶತಮಾನದ ಹೊತ್ತಿಗೆ ‘ದಂಡಿಯಲಂಕಾರಂ’ ಬಂತು. ಕನ್ನಡಕ್ಕೆ ಅದಕ್ಕೂ ಮುಂಚೆಯೇ, ಸುಮಾರು 850ರಲ್ಲಿ, ‘ಕವಿರಾಜಮಾರ್ಗ’ ಬಂದಿತ್ತು. (ಉಪಮೆಯ ವಿಚಾರ ತಮಿಳಿಗೆ ಹೊಸದೇನಲ್ಲ, ತೊಲ್ಕಾಪ್ಪಿಯಂನಲ್ಲೇ ಇದೆ ಬಿಡಿ!) ಕವಿರಾಜಮಾರ್ಗ ಬರೆದವನು ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಆಸ್ಥಾನದ ಶ್ರೀವಿಜಯ ಎಂಬುದು ಹೆಚ್ಚಿನ ವಿದ್ವಾಂಸರ ಮಾತು. ಕೆ.ಬಿ. ಪಾಠಕ್ ಇದನ್ನು 1898ರಲ್ಲಿ ಅಚ್ಚು ಹಾಕಿಸಿದರು.

ಅಲಂಕಾರ ಎಂದರೆ ಪಂಡಿತರ ಸೊತ್ತು ಎಂದುಕೊಳ್ಳಬೇಡಿ. ನೇಕಾರರ ಮನೆಯಲ್ಲಿ ಸೊಸೆ ಹೀಗೆನ್ನುತ್ತಾಳೆ ಅಂದುಕೊಳ್ಳಿ: “ಮಾವ, ನಿಮ್ಮ ಮಗ್ಗ ಬಲು ಕೆಟ್ಟದ್ದು, ಅದರ ಸೀರೆ ಉಟ್ಟ ಮೇಲೆ ಬೇರೆ ಯಾವುದೂ ಮೈಗೆ ಹಿಡಿಸೋದಿಲ್ಲ.” ಬೈದಂತೆ ಹೊಗಳುವ ಇದು ವ್ಯಾಜಸ್ತುತಿ. ತಮಿಳು ಪಾಠದ ‘ವಂಜಪ್ಪುಗಳ್ಚಿ ಅಣಿ’ಯೂ ಇದೇ ಜಾತಿಯದು.

ಕವಿರಾಜಮಾರ್ಗ ಬರೀ ಅನುವಾದವಲ್ಲ. ಶ್ರೀವಿಜಯ ಕನ್ನಡದ ಸ್ವಭಾವ ನೋಡಿ ಬೇಕಾದ್ದನ್ನು ಇಟ್ಟುಕೊಂಡ, ತನ್ನದನ್ನು ಸೇರಿಸಿದ. ಸಂಸ್ಕೃತ ಪದವನ್ನೂ ಕನ್ನಡ ಪದವನ್ನೂ ಹದವಿಲ್ಲದೆ ಸಮಾಸ ಮಾಡಿದರೆ ಕುದಿಯುವ ಹಾಲಿಗೆ ಮಜ್ಜಿಗೆ ಹನಿ ಬಿದ್ದಂತೆ ಎಂದು ಎಚ್ಚರಿಸಿದ. ಈ ಮಾತನ್ನು ಹಿಡಿದು ‘ನಿಮ್ಮ ಕನ್ನಡದಲ್ಲಿ ತಮಿಳು ಬೆರೆತಿದೆ’ ಎಂದು ಮೂದಲಿಸುವವರಿದ್ದಾರೆ. ಅದು ತಪ್ಪು. ಅವನು ಹೇಳಿದ್ದು ಕಾವ್ಯದ ಪದಜೋಡಣೆಯ ಮಾತು, ಅಡುಗೆಮನೆಯ ಮಾತಲ್ಲ.

ಮನೆಮಾತಿನ ಬಗ್ಗೆ ಅವನ ಧೋರಣೆಯೇ ಬೇರೆ. ಕನ್ನಡನಾಡು ಕಾವೇರಿಯಿಂದ ಗೋದಾವರಿಯವರೆಗೆ ಎಂದು ಅವನು ಗುರುತಿಸುತ್ತಾನೆ. ಆ ಲೆಕ್ಕದಲ್ಲಿ ಕೊಯಮತ್ತೂರು, ತಿರುಪ್ಪೂರು ಕಾವೇರಿಯಿಂದ ಈಚೆಗೆ, ಅಂದರೆ ಹೊರಗೆ! ತಿರುಳ್ಗನ್ನಡದ ಸೀಮೆಯಂತೂ ಇನ್ನೂ ದೂರ: ಕಿಸುವೊಳಲು (ಇಂದಿನ ಪಟ್ಟದಕಲ್ಲು), ಕೊಪಣ (ಕೊಪ್ಪಳ), ಪುಲಿಗೆರೆ (ಲಕ್ಷ್ಮೇಶ್ವರ), ಒಂಕುಂದದ ನಡುವೆ. ಆದರೆ ಅದೇ ಪುಸ್ತಕದಲ್ಲಿ, ಒಂದೊಂದು ಕಡೆ ಒಂದೊಂದು ಕನ್ನಡವಿರುವುದರಿಂದ ಇವುಗಳ ದೋಷ ಇಷ್ಟೇ ಎಂದು ಲೆಕ್ಕ ಹಾಕಲು ವಾಸುಕಿಗೂ ಬೇಸರವಾದೀತು ಎನ್ನುತ್ತಾನೆ. ಓದದವರೂ ಕಾವ್ಯದ ಮಾತಿನಲ್ಲಿ ಪಳಗಿದವರು ಎಂದೂ ಹೊಗಳುತ್ತಾನೆ. ಬೆಂಗಳೂರಿನ ನೆಂಟರು ‘ಇದೆಂಥಾ ಕನ್ನಡ’ ಎಂದು ನಕ್ಕಾಗ ಇಲ್ಲಿನ ದೇವಾಂಗರ, ಒಕ್ಕಲಿಗರ ಮನೆಗಳಲ್ಲಿ ಮಕ್ಕಳು ಬಾಯಿ ಮುಚ್ಚಿಕೊಂಡು ತಮಿಳಿಗೆ ಹೊರಳುತ್ತಾರಲ್ಲ, ಆಗ ಈ ವಾಸುಕಿಯ ಮಾತನ್ನು ನೆನಪಿಸಬಹುದು.

ಮೂಲದ ಹಳಗನ್ನಡ ಕಷ್ಟ ಎನ್ನುವವರು ಎಂ.ವಿ. ಸೀತಾರಾಮಯ್ಯನವರ ಸಂಪಾದನೆಯನ್ನು ಹುಡುಕಿ ನೋಡಿ. ಮಾತು ಬಂದರೂ ಕನ್ನಡ ಲಿಪಿ ಬಾರದವರು ಇಲ್ಲಿ ಬಹಳ. ಅವರಿಗೆ ಆರ್.ವಿ.ಎಸ್. ಸುಂದರಂ ಮತ್ತು ದೇವೆನ್ ಪಟೇಲ್ ಮಾಡಿದ ಇಂಗ್ಲಿಷ್ ಅನುವಾದವಿದೆ, 2017ರದು. ದಂಡಿಯಲಂಕಾರಂ ಮನೆಯಲ್ಲಿದ್ದರೆ ಎರಡನ್ನೂ ಪಕ್ಕದಲ್ಲಿಟ್ಟುಕೊಂಡು ಉಪಮೆಯ ಭಾಗದಿಂದ ಶುರು ಮಾಡಿ.