ಹೊಲದ ಜಗಳಕ್ಕೆ ಠಾಣೆಯೋ, ದಿವಾಣಿ ಕೋರ್ಟೋ?

ಮುಂಗಾರಿನ ಹದ ಬಂತೆಂದರೆ ನಮ್ಮ ಅಕ್ಕಲಕೋಟ, ಜತ್ತ ಸೀಮೆಯಲ್ಲಿ ಅಣ್ಣತಮ್ಮಂದಿರ ಬದುವಿನ ಜಗಳಗಳೂ ಮೊಳೆಯುತ್ತವೆ. ಒಬ್ಬನು ಎರಡು ಸಾಲು ಆಚೆ ರಂಟೆ ಹೊಡೆದರೆ ಮತ್ತೊಬ್ಬನು ನೆಟ್ಟಗೆ ಪೋಲೀಸ ಠಾಣೆಗೆ ನಡೆಯುತ್ತಾನೆ. ಅಲ್ಲಿ “ಇದು ದಿವಾಣಿ ಬಾಬತು, ಕೋರ್ಟಿಗೆ ಹೋಗಿರಿ” ಎಂದರೆ ಫೌಜದಾರನು ಎದುರಿನವನ ಕಡೆಯವನೆಂದು ಸಿಟ್ಟಾಗುತ್ತಾನೆ. ಆದರೆ ಬಹಳ ಸಲ ಆ ಮಾತು ಖರೆಯೇ ಇರುತ್ತದೆ.

ಫೌಜದಾರಿ ಕೋರ್ಟು ನೋಡುವುದು ಅಪರಾಧ ನಡೆಯಿತೇ, ಮಾಡಿದವನಿಗೆ ಏನು ಶಿಕ್ಷೆ ಎಂಬುದಿಷ್ಟನ್ನೇ. ಹೊಲ ಯಾರದು, ಯಾರ ಪಾಲು ಎಷ್ಟು, ತಂದೆಯ ಮೃತ್ಯುಪತ್ರ ಸರಿಯೋ ತಪ್ಪೋ ಎಂಬುದನ್ನು ತೀರ್ಮಾನಿಸುವುದು ದಿವಾಣಿ ಕೋರ್ಟು. ಅಣ್ಣನು ಸೆರೆಮನೆಗೆ ಹೋದರೂ ತಮ್ಮನ ಹೆಸರಿಗೆ ಒಂದು ಗುಂಟೆ ಬರುವುದಿಲ್ಲ.

ಅಣ್ಣನು ಇಡೀ ಹೊಲವನ್ನು ತನ್ನದೆಂದು ಹೇಳಿ ಖರೇದಿ ಕೊಟ್ಟನೆಂದು ತಿಳಿಯಿರಿ. ಇದು ಖೊಟ್ಟಿ ದಸ್ತಾವೇಜಲ್ಲವೇ ಎಂದು ಬಹಳ ಮಂದಿ ಕೇಳುತ್ತಾರೆ. 2009ರಲ್ಲಿ ಮೊಹಮ್ಮದ ಇಬ್ರಾಹಿಮ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅಲ್ಲವೆಂದಿತು. ತನ್ನ ಹೆಸರಿನಿಂದಲೇ ಸಹಿ ಮಾಡಿ ತನ್ನದಲ್ಲದ್ದನ್ನು ಮಾರಿದರೆ ಅದು ಖೊಟ್ಟಿ ದಸ್ತಾವೇಜಾಗುವುದಿಲ್ಲ. ಮೋಸದ ಫಿರ್ಯಾದು ಕೊಡಬಹುದಾದವನು ಕೊಂಡವನು, ನೀವಲ್ಲ. ನಿಮ್ಮ ದಾರಿ ದಿವಾಣಿ ದಾವೆ. ಅದೇ ಅಣ್ಣನು ತಂಗಿಯ ಹೆಸರಿನಲ್ಲಿ ತಾನೇ ಹೆಬ್ಬೆಟ್ಟು ಒತ್ತಿ ಹಕ್ಕುಬಿಟ್ಟ ಪತ್ರ ಮಾಡಿಸಿದ್ದರೆ ಅದು ನಿಜವಾದ ಅಪರಾಧ. ಆಗ ಠಾಣೆಗೂ ಹೋಗಬೇಕು, ಪತ್ರ ರದ್ದು ಮಾಡಿಸಲು ದಾವೆಯನ್ನೂ ಹೂಡಬೇಕು. ತಿಳಿದ ದಿನದಿಂದ 3 ವರ್ಷ ಅದಕ್ಕೆ ಮುದ್ದತು. (ನಮ್ಮ ಕಡೆಯ ಕಾಗದಗಳು ಮರಾಠಿಯಲ್ಲಿರುತ್ತವೆ. ಓದಿಸಿ ಕೇಳದೆ ಹೆಬ್ಬೆಟ್ಟು ಒತ್ತಬೇಡಿರಿ.)

ಹೊಡೆದಾಟ, ಬಣವೆಗೆ ಬೆಂಕಿ, ಪೈಪು ಕಡಿಯುವುದು, ಕೊಲೆಯ ಬೆದರಿಕೆ: ಇವು ಅಣ್ಣತಮ್ಮಂದಿರೊಳಗೆ ನಡೆದರೂ ಅಪರಾಧಗಳೇ. ಅದೇ ದಿನ ಠಾಣೆಗೆ ಹೋಗಿರಿ. ಹೊಲದ ಸಲುವಾಗಿ ಶಾಂತಿಭಂಗವಾಗುವ ಸಂಭವವಿದ್ದರೆ, 2024ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯ 164ನೆಯ ಕಲಮಿನಂತೆ (ಹಳೆಯ 145) ಕಾರ್ಯಕಾರಿ ಮ್ಯಾಜಿಸ್ಟ್ರೇಟರು ಸದ್ಯ ಕಬ್ಜೆ ಯಾರದೆಂದು ನೋಡುತ್ತಾರೆ. ಮಾಲಕಿಯನ್ನು ಅವರೂ ನಿರ್ಣಯಿಸುವುದಿಲ್ಲ.

ನಮ್ಮ ದಾಯಾದಿಯೊಬ್ಬನ ಕಬ್ಜೆಯಲ್ಲಿದ್ದ ನಾಲ್ಕು ಎಕರೆಯನ್ನು ಅವನ ಅಣ್ಣನು ಬಲವಂತದಿಂದ ಹಿಡಿದನು. ಇವನು ಒಂದು ವರ್ಷ ಠಾಣೆಗೆ ಅಡ್ಡಾಡಿದ. ಬಲವಂತದಿಂದ ಕಬ್ಜೆ ಕಳಕೊಂಡವನು 6 ತಿಂಗಳೊಳಗೆ ದಾವೆ ಹೂಡಿದರೆ ಮಾಲಕಿಯ ಪ್ರಶ್ನೆ ಎತ್ತದೆಯೇ ಹೊಲ ತಿರುಗಿ ಕೊಡಿಸುವ ಅನುಕೂಲವಿದೆ. 1963ರ ಸ್ಪೆಸಿಫಿಕ್ ರಿಲೀಫ್ ಕಾಯಿದೆಯ 6ನೆಯ ಕಲಮು ಅದು. ಫಿರ್ಯಾದು ಕೊಟ್ಟಿದ್ದರಿಂದ ಆ ಮುದ್ದತು ನಿಲ್ಲುವುದಿಲ್ಲ. ವಕೀಲರ ಬಳಿ ಹೋಗುವ ಹೊತ್ತಿಗೆ ಅವಧಿ ಮೀರಿತ್ತು. ಮಾಲಕಿಯ ದಾವೆಗೆ 12 ವರ್ಷದ ಅವಕಾಶವಿದ್ದರೂ ಅಜ್ಜನ ಕಾಲದ ಕಾಗದಗಳನ್ನೆಲ್ಲ ಹುಡುಕಿ ತರುವಷ್ಟರಲ್ಲಿ ಅವನು ಸೋತುಹೋದ.

ಎಲ್ಲ ಪಾಲುದಾರರು ಒಪ್ಪಿದರೆ ಕೋರ್ಟೂ ಬೇಡ. ಮಹಾರಾಷ್ಟ್ರದ 1966ರ ಜಮೀನು ಮಹಸೂಲ ಸಂಹಿತೆಯ 85ನೆಯ ಕಲಮಿನಂತೆ ತಹಶೀಲದಾರರೇ ವಾಟಣಿ ಮಾಡಿಕೊಡುತ್ತಾರೆ. ಬದುವಿನ ಅನುಮಾನವಿದ್ದರೆ ಮೊದಲು ಸರಕಾರಿ ಮೋಜಣಿ ಮಾಡಿಸಿರಿ. ಸಾತಬಾರಾ ಉತಾರದಲ್ಲಿ ಹೆಸರಿದ್ದ ಮಾತ್ರಕ್ಕೆ ಮಾಲಕಿ ಬರುವುದಿಲ್ಲ, ಹೆಸರು ಇಲ್ಲದ ಮಾತ್ರಕ್ಕೆ ಹೋಗುವುದೂ ಇಲ್ಲ.

ಇದು ಹೆಣ್ಣುಮಕ್ಕಳಿಗೆ ವಿಶೇಷವಾಗಿ ತಿಳಿದಿರಲಿ. ಹಿಂದೂ ಅವಿಭಕ್ತ ಮನೆತನದ ಆಸ್ತಿಯಲ್ಲಿ ಮಗಳಿಗೆ ಮಗನಷ್ಟೇ ಹಕ್ಕೆಂದು 2005ರ ತಿದ್ದುಪಡಿ ಹೇಳಿತು. 2005ರಲ್ಲಿ ತಂದೆ ಬದುಕಿರಬೇಕೆಂಬ ಕಟ್ಟಿಲ್ಲವೆಂದು 2020ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿತು. ಪಾಲು ಕೇಳುವ ಅಕ್ಕತಂಗಿಯರಿಗೆ ವಕೀಲರ ಖರ್ಚಿನ ಅಂಜಿಕೆ ಬೇಡ. ಹೆಂಗಸರಿಗೆ ವರಮಾನ ಎಷ್ಟೇ ಇರಲಿ, ತಾಲೂಕು ಕೋರ್ಟಿನ ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಟ್ಟರೆ ಪುಕ್ಕಟೆ ವಕೀಲರನ್ನು ಕೊಡುತ್ತಾರೆ.